‘ಆರವ್’ ಎಂದರೆ ಶಾಂತನೇ, ಸದ್ದೇ? ಮಗುವಿನ ಹೆಸರಿನ ಮೂಲ ಹುಡುಕುವ ಬಗೆ

ಪ್ರಶ್ನೆ: ನಾವು ದಾವಣಗೆರೆಯಲ್ಲಿದ್ದೇವೆ, ಮೂಲ ಊರು ಚಳ್ಳಕೆರೆ ಕಡೆಯದು. ಐದು ವರ್ಷದ ಹಿಂದೆ ಮಗ ಹುಟ್ಟಿದಾಗ ‘ಆರವ್’ ಎಂದು ಹೆಸರಿಟ್ಟೆವು. ಮೊಬೈಲಿನಲ್ಲಿ ನೋಡಿದ ಕಡೆಯಲ್ಲೆಲ್ಲ ‘ಶಾಂತ ಸ್ವಭಾವದವನು, ಸಂಸ್ಕೃತ ಮೂಲ’ ಎಂದೇ ಇತ್ತು. ಈಚೆಗೆ ಸಂಸ್ಕೃತ ಬಲ್ಲ ಮೇಷ್ಟ್ರೊಬ್ಬರು ‘ಅದರ ಅರ್ಥ ಕೂಗು, ಅಬ್ಬರ’ ಎಂದುಬಿಟ್ಟರು. ಅಂದಿನಿಂದ ಮನೆಯಲ್ಲಿ ಅದೇ ಮಾತು. ಈಗ ಎರಡು ತಿಂಗಳ ಹಿಂದೆ ಮಗಳು ಹುಟ್ಟಿದ್ದಾಳೆ. ಮೃಗಶಿರಾ ನಾಲ್ಕನೆಯ ಪಾದ, ‘ಕಿ’ ಅಕ್ಷರ ಬಂದಿದೆ. ನನ್ನ ಹೆಂಡತಿಗೆ ‘ಕಿಯಾರಾ’ ಇಷ್ಟ. ಒಂದು ಕಡೆ ಅದಕ್ಕೆ ‘ಬೆಳಕಿನ ಕಿರಣ’ ಎಂಬ ಅರ್ಥವಿದ್ದರೆ ಇನ್ನೊಂದು ಕಡೆ ‘ಕಪ್ಪು’ ಎಂದಿದೆ. ನಮ್ಮ ತಾಯಿ ಅವರ ಅತ್ತೆಯ ಹೆಸರಾದ ‘ಓಬಮ್ಮ’ ಎಂದಿಡಿ ಎನ್ನುತ್ತಾರೆ. ಆದರೆ ಅದಕ್ಕೆ ಅರ್ಥವೇ ಇಲ್ಲವಲ್ಲ ಎಂಬುದು ನಮ್ಮ ಅಳುಕು. ಯಾವುದನ್ನು ನಂಬಬೇಕು? ಮಗನ ಹೆಸರನ್ನು ಬದಲಾಯಿಸಬೇಕೇ? ಮಗಳ ಜನನ ಪ್ರಮಾಣಪತ್ರದಲ್ಲಿ ಹೆಸರಿನ ಜಾಗ ಇನ್ನೂ ಖಾಲಿ ಇದೆ.

ಉತ್ತರ: ನಿಮ್ಮ ಪತ್ರದಲ್ಲಿ ಮೂರು ಹೆಸರುಗಳಿವೆ, ಆದರೆ ಆತಂಕಗಳು ಎರಡು. ಒಂದು, ಹೆಸರಿಗೆ ಅಂತರಜಾಲದ ತಾಣಗಳು ಕೊಡುವ ಅರ್ಥ ಮತ್ತು ಮೂಲ ನಿಜವೋ ಅಲ್ಲವೋ ಎಂಬುದು. ಇದು ಭಾಷೆಯ ಪ್ರಶ್ನೆ. ಇದಕ್ಕೆ ಖಚಿತ ಉತ್ತರ ಹುಡುಕಬಹುದು. ಇನ್ನೊಂದು, ಅರ್ಥ ಒಳ್ಳೆಯದಲ್ಲದಿದ್ದರೆ ಮಗುವಿಗೆ ಏನಾದರೂ ಕೇಡಾದೀತೇ ಎಂಬುದು. ನೀವು ಅದನ್ನು ಬಾಯಿಬಿಟ್ಟು ಬರೆದಿಲ್ಲ, ಆದರೆ ‘ಮನೆಯಲ್ಲಿ ಅದೇ ಮಾತು’ ಎಂಬಲ್ಲಿ ಅದು ಕಾಣುತ್ತದೆ. ಕಾಲೇಜಿನಲ್ಲಿ ಕನ್ನಡ ಪಾಠ ಮಾಡುತ್ತ, ನಿಘಂಟುಗಳ ನಡುವೆ ಬಹಳ ಕಾಲ ಕಳೆದ ನನ್ನ ಬಳಿಗೆ ಹೆಸರು ಕೇಳಿಕೊಂಡು ಬರುವವರಲ್ಲಿ ಹೆಚ್ಚಿನವರು ಈ ಎರಡನ್ನೂ ಒಂದೇ ಎಂದು ತಿಳಿದಿರುತ್ತಾರೆ. ಅವನ್ನು ಬಿಡಿಸಿ ನೋಡಿದರೆ ಅರ್ಧ ಚಿಂತೆ ಅಲ್ಲಿಯೇ ಕಳೆಯುತ್ತದೆ.

ಮೊದಲು ಮಗನ ಹೆಸರು. ಮೇಷ್ಟ್ರು ಹೇಳಿದ್ದು ಸರಿ, ಆದರೆ ಅಷ್ಟೇ ಅಲ್ಲ. ಸಂಸ್ಕೃತದಲ್ಲಿ ‘ರವ’ ಎಂದರೆ ಸದ್ದು, ಧ್ವನಿ. ಕನ್ನಡದಲ್ಲಿ ನಾವು ದಿನವೂ ಬಳಸುವ ‘ಕಲರವ’ದಲ್ಲಿರುವುದು ಇದೇ ರವ, ಹಕ್ಕಿಗಳ ಇಂಪಾದ ದನಿಗೆ ಆ ಮಾತು. ಅದಕ್ಕೆ ‘ಆ’ ಎಂಬ ಉಪಸರ್ಗ ಸೇರಿ ‘ಆರವ’ ಆಗುತ್ತದೆ. ಆಪ್ಟೆಯವರ ಸಂಸ್ಕೃತ ನಿಘಂಟಿನಲ್ಲಿ ನೋಡಿದರೂ, ಮೋನಿಯರ್ ವಿಲಿಯಮ್ಸ್ ಅವರ ಸಂಸ್ಕೃತ ನಿಘಂಟಿನಲ್ಲಿ ನೋಡಿದರೂ ಇದಕ್ಕೆ ಸಿಗುವ ಅರ್ಥ ಸದ್ದು, ಕೂಗು, ಅರಚು ಎಂಬ ಸಾಲಿನವು. ಶಾಂತ ಎಂಬ ಅರ್ಥ ಎರಡರಲ್ಲಿಯೂ ಇಲ್ಲ.

ಹಾಗಾದರೆ ‘ಶಾಂತ’ ಎಂಬುದು ಎಲ್ಲಿಂದ ಬಂತು? ಯಾರೋ ಸುಮ್ಮನೆ ಕಟ್ಟಿದ ಕಥೆ ಅಲ್ಲ ಅದು. ಹ್ರಸ್ವ ‘ಅ’ ಹಾಕಿ ‘ಅರವ’ ಎಂದರೆ ‘ರವ ಇಲ್ಲದ’, ಅಂದರೆ ನಿಶ್ಶಬ್ದವಾದ ಎಂದಾಗುತ್ತದೆ. ಅಲ್ಲಿಂದ ಶಾಂತ ಎಂಬ ಅರ್ಥಕ್ಕೆ ಒಂದೇ ಹೆಜ್ಜೆ. ಸಂಸ್ಕೃತದಲ್ಲಿ ಇಲ್ಲ ಎಂಬುದನ್ನು ಹೇಳಲು ವ್ಯಂಜನದ ಮುಂದೆ ‘ಅ’, ಸ್ವರದ ಮುಂದೆ ‘ಅನ್’ ಬರುತ್ತದೆ: ಅಮರ, ಅಜಿತ, ಅನಂತ, ಅನಘ. ದೀರ್ಘ ‘ಆ’ ಎಂದೂ ಆ ಕೆಲಸ ಮಾಡುವುದಿಲ್ಲ. ಕನ್ನಡ ಲಿಪಿಯಲ್ಲಿ ಬರೆದಿದ್ದರೆ ಅರವ, ಆರವ ಎರಡೂ ಬೇರೆ ಎಂಬುದು ಎರಡನೆಯ ತರಗತಿಯ ಮಗುವಿಗೂ ಕಾಣುತ್ತಿತ್ತು. ಇಂಗ್ಲಿಷ್ ಅಕ್ಷರಗಳಲ್ಲಿ ಬರೆದಾಗ ಒಂದು ‘ಎ’ ಹಾಕಿದರೂ ಎರಡು ‘ಎ’ ಹಾಕಿದರೂ ಜನ ಒಂದೇ ಹೆಸರೆಂದು ತಿಳಿಯುತ್ತಾರೆ. ಇದರ ಮೇಲೆ ಸಂಖ್ಯಾಶಾಸ್ತ್ರದವರು ಕೂಡಿಕೆ ಸರಿಯಾಗಲೆಂದು ಇನ್ನೊಂದು ‘ಎ’ ಸೇರಿಸಿ ಕೊಡುತ್ತಾರೆ. ಹೀಗೆ ಹ್ರಸ್ವದ ಅರ್ಥ ದೀರ್ಘದ ಹೆಸರಿಗೆ ಅಂಟಿಕೊಂಡಿತು. ಒಮ್ಮೆ ಒಂದು ಪಟ್ಟಿಯಲ್ಲಿ ಹಾಗೆ ಅಚ್ಚಾದ ಮೇಲೆ ಮಿಕ್ಕವರು ಅದನ್ನೇ ನಕಲು ಮಾಡಿದರು. ಆದುದರಿಂದ ಹತ್ತು ಕಡೆ ಒಂದೇ ಅರ್ಥ ಕಂಡರೆ ಅದು ಹತ್ತು ಸಾಕ್ಷಿಗಳಲ್ಲ, ಒಂದೇ ಸಾಕ್ಷಿಯ ಹತ್ತು ಪ್ರತಿಗಳು.

ಈಗ ಎರಡನೆಯ ಆತಂಕಕ್ಕೆ ಬರೋಣ. ಹೆಸರಿನ ಅರ್ಥ ಸದ್ದು ಎಂದಾದರೆ ಹೆಸರು ಕೆಟ್ಟಿತೇ? ಇದಕ್ಕೆ ನಾನು ಸಂಸ್ಕೃತದ ಹಳೆಯ ಪದ್ಯ ನಿಘಂಟಾದ ಅಮರಕೋಶದಲ್ಲಿ, ಹಲವು ಅರ್ಥಗಳುಳ್ಳ ಶಬ್ದಗಳನ್ನು ಹೇಳುವ ನಾನಾರ್ಥವರ್ಗವನ್ನು ತೆರೆದು ತೋರಿಸುತ್ತೇನೆ. ‘ಹರಿ’ ಎಂಬ ಶಬ್ದಕ್ಕೆ ಅಮರಸಿಂಹನು ಒಂದೇ ಶ್ಲೋಕದಲ್ಲಿ ಕೊಡುವ ಅರ್ಥಗಳು ಇವು: ಯಮ, ಗಾಳಿ, ಇಂದ್ರ, ಚಂದ್ರ, ಸೂರ್ಯ, ವಿಷ್ಣು, ಸಿಂಹ, ಕಿರಣ, ಕುದುರೆ, ಗಿಳಿ, ಹಾವು, ಕಪಿ, ಕಪ್ಪೆ. ಒಟ್ಟು 13, ಇದರ ಮೇಲೆ ಕಪಿಲವರ್ಣ ಬೇರೆ. ಹರೀಶ, ಹರಿಪ್ರಸಾದ ಎಂದು ಹೆಸರಿಟ್ಟ ಯಾವ ತಂದೆತಾಯಿಯೂ ಮಗ ಕಪ್ಪೆಯಾದನೆಂದು ಕೊರಗಿಲ್ಲ, ಯಮನೆಂದು ಹೆದರಿಲ್ಲ. ಹರಿಹರದ ದೇವರನ್ನು ನೋಡಿ ಬಂದವರಿಗೆ ‘ಹರಿ’ ಯಾರೆಂಬ ಬಗ್ಗೆ ಸಂಶಯವೇ ಬಂದಿಲ್ಲ. ಮಹಾಲಕ್ಷ್ಮಿಯ ಅಷ್ಟೋತ್ತರವನ್ನು ಪ್ರತಿ ಶುಕ್ರವಾರ ಓದುವ ಮನೆಗಳಿವೆ. ಅದರಲ್ಲಿ ‘ಪ್ರಕೃತ್ಯೈ ನಮಃ’ ಆದ ಕೂಡಲೇ ಬರುವುದು ‘ವಿಕೃತ್ಯೈ ನಮಃ’. ಇಂದಿನ ಕನ್ನಡದಲ್ಲಿ ವಿಕೃತಿ ಎಂದರೆ ಏನೆಂದು ನಿಮಗೆ ಗೊತ್ತು. ಪೂಜೆಯಲ್ಲಿ ಕುಳಿತವರು ಅದನ್ನು ಆ ಅರ್ಥದಲ್ಲಿ ಕೇಳಿಸಿಕೊಳ್ಳುವುದಿಲ್ಲ. ಶಬ್ದಕ್ಕೆ ನಿಘಂಟಿನಲ್ಲಿ ಇರುವ ಅರ್ಥಗಳ ರಾಶಿ ಬೇರೆ, ಹೆಸರಾಗಿ ನಿಂತಾಗ ಜನ ಅದರಿಂದ ತೆಗೆದುಕೊಳ್ಳುವುದು ಬೇರೆ.

ಆದ್ದರಿಂದ ಆರವನ ಹೆಸರನ್ನು ಬದಲಾಯಿಸಬೇಡಿ ಎಂಬುದೇ ನನ್ನ ಸಲಹೆ. ಐದು ವರ್ಷದ ಹುಡುಗನಿಗೆ ಆ ಹೆಸರು ಆಗಲೇ ತನ್ನದಾಗಿದೆ. ಶಾಲೆಯ ದಾಖಲಾತಿ, ಆಧಾರ್, ಜನನ ಪ್ರಮಾಣಪತ್ರ ಎಲ್ಲದರಲ್ಲಿಯೂ ಕುಳಿತಿದೆ. ಯಾರಾದರೂ ಅರ್ಥ ಕೇಳಿದರೆ ‘ನಾದ, ಧ್ವನಿ’ ಎನ್ನಿ, ಅದು ಸುಳ್ಳಲ್ಲ. ‘ಶಾಂತ’ ಎಂದು ಮಾತ್ರ ಇನ್ನು ಹೇಳಬೇಡಿ.

ಇಷ್ಟೊಂದು ತಪ್ಪುಗಳು ಏಕೆ ಹುಟ್ಟುತ್ತವೆ ಎಂಬುದನ್ನು ತಿಳಿದುಕೊಂಡರೆ ಮಗಳ ಹೆಸರು ಆರಿಸುವಾಗ ನೆರವಾಗುತ್ತದೆ. ಇಂಗ್ಲಿಷ್ ಕಾಗುಣಿತದ ಗೊಂದಲವನ್ನು ಈಗಾಗಲೇ ಹೇಳಿದೆ. ಅದೇ ಕಾರಣಕ್ಕೆ ನಕ್ಷತ್ರದ ಹೆಸರಾದ ‘ಕೃತ್ತಿಕಾ’ ಎಷ್ಟೋ ಶಾಲಾ ಹಾಜರಿಗಳಲ್ಲಿ ಒತ್ತಕ್ಷರ ಕಳೆದುಕೊಂಡು ‘ಕೃತಿಕಾ’ ಆಗಿದೆ; ಯಜ್ಞದ ಪುರೋಹಿತನೆಂಬ ಅರ್ಥದ ‘ಋತ್ವಿಕ್’ ಇಂಗ್ಲಿಷಿಗೆ ಹೋಗಿ ಮರಳಿ ‘ರಿತ್ವಿಕ್’ ಆಗಿ ಬಂದಿದೆ. ಇದರ ಜೊತೆಗೆ ಅರಬ್ಬಿ ಹೆಸರುಗಳ ಕಷ್ಟ ಇನ್ನೂ ಒಂದು ಕೈ ಹೆಚ್ಚು. ಅಲ್ಲಿ ಬೇರೆ ಬೇರೆ ಅಕ್ಷರಗಳಾಗಿರುವ ಹಲವು ಧ್ವನಿಗಳು ಕನ್ನಡ, ಇಂಗ್ಲಿಷ್ ಎರಡರಲ್ಲಿಯೂ ಒಂದೇ ಆಗಿಬಿಡುತ್ತವೆಯಾದ್ದರಿಂದ, ಅರಬ್ಬಿ ಲಿಪಿಯಲ್ಲಿ ಹೆಸರು ನೋಡದೆ ಅರ್ಥ ಹೇಳುವವರ ಮಾತನ್ನು ನಾನು ಒಪ್ಪುವುದಿಲ್ಲ.

ಇನ್ನೊಂದು ಕಾರಣ, ಎಲ್ಲ ಹೆಸರಿಗೂ ಒಳ್ಳೆಯ ಅರ್ಥವೇ ಇರಬೇಕೆಂಬ ಒತ್ತಡ. ಕೇಳುವವರಿಗೆ ಅದೇ ಬೇಕು, ಪಟ್ಟಿ ಮಾಡುವವರು ಅದನ್ನೇ ಕೊಡುತ್ತಾರೆ. ‘ಅನ್ವಿತಾ’ ಎಂದರೆ ಕೂಡಿಕೊಂಡವಳು, ಯಾವುದೋ ಗುಣದಿಂದ ಸಹಿತಳಾದವಳು, ‘ಗುಣಾನ್ವಿತ’ದಲ್ಲಿ ಬರುವಂತೆ. ಪಟ್ಟಿಗಳಲ್ಲಿ ಅದು ‘ಅಂತರವನ್ನು ಬೆಸೆಯುವವಳು’ ಎಂದಾಗಿದೆ. ‘ತನ್ವಿ’ ಎಂದರೆ ತೆಳ್ಳಗಿನ ಮೈಕಟ್ಟಿನ ಹೆಣ್ಣು ಎಂದಷ್ಟೇ ಕಾವ್ಯದ ಬಳಕೆ. ಏನೂ ತೋಚದಾಗ ‘ದುರ್ಗೆಯ ಇನ್ನೊಂದು ಹೆಸರು’, ‘ಲಕ್ಷ್ಮಿಯ ಇನ್ನೊಂದು ಹೆಸರು’ ಎಂದು ಬರೆಯುವುದು ಒಂದು ರೂಢಿಯೇ ಆಗಿದೆ. ‘ಸಾನ್ವಿ’ಗೆ ಲಕ್ಷ್ಮಿ ಎಂಬ ಅರ್ಥ ಎಲ್ಲ ಕಡೆಯೂ ಸಿಗುತ್ತದೆ, ಆದರೆ ಮೇಲೆ ಹೇಳಿದ ಅಷ್ಟೋತ್ತರವನ್ನು ಮೊದಲಿನಿಂದ ಕೊನೆಯವರೆಗೆ ಓದಿದರೂ ಆ ಹೆಸರು ಎದುರಾಗುವುದಿಲ್ಲ. ದೇವಿಯ ಹೆಸರೆಂದು ಯಾರಾದರೂ ಹೇಳಿದರೆ ಯಾವ ನಾಮಾವಳಿಯಲ್ಲಿ, ಯಾವ ಸ್ತೋತ್ರದಲ್ಲಿ ಎಂದು ಕೇಳಿ. ಅಷ್ಟು ಕೇಳಿದರೆ ಸಾಕು, ಹೆಚ್ಚಿನ ಅರ್ಥಗಳು ಅಲ್ಲಿಗೇ ನಿಲ್ಲುತ್ತವೆ.

ಸಂಸ್ಕೃತ ಎಂಬ ಮುದ್ರೆಯದೂ ಇದೇ ಕಥೆ. ‘ವಿಹಾನ್’ ಎಂದರೆ ಬೆಳಗು ಎಂಬುದು ಆಧಾರವಿಲ್ಲದ ಮಾತಲ್ಲ, ಆದರೆ ಅದು ಭೋಜಪುರಿ, ನೇಪಾಳಿಗಳ ‘ಬಿಹಾನ್’, ‘ಬಿಹಾನ’ದಿಂದ ಬಂದ ಬೆಳಗು. ಅದರ ಹಿರಿಯ ರೂಪದಲ್ಲಿ ಇದ್ದದ್ದು ಹೊಳೆಯುವುದು, ಪ್ರಕಾಶಿಸುವುದು ಎಂಬರ್ಥದ ‘ವಿಭಾ’. ‘ಭ’ಕಾರ ‘ಹ’ಕಾರವಾದದ್ದು ಪ್ರಾಕೃತದ ದಾರಿಯಲ್ಲಿ. ‘ವಿಹಾನ್’ ಅನ್ನೇ ನೇರವಾಗಿ ಸಂಸ್ಕೃತದಲ್ಲಿ ಹುಡುಕಲು ಹೊರಟರೆ ತೊರೆಯುವುದು, ಬಿಟ್ಟುಬಿಡುವುದು ಎಂಬರ್ಥದ ‘ಹಾ’ ಧಾತುವಿಗೆ ಹೋಗಿ ಮುಟ್ಟುತ್ತೀರಿ. ಅರ್ಥ ಉಳಿದು ಮೂಲ ತಪ್ಪಿದ ಹೆಸರಿಗೆ ಇದು ಒಳ್ಳೆಯ ನಿದರ್ಶನ.

ಪಂಡಿತರ ಕಡೆಯಿಂದಲೂ ಒಂದು ತೊಡಕಿದೆ. ಸಂಸ್ಕೃತದಲ್ಲಿ ಏಕಾಕ್ಷರ ಕೋಶಗಳೆಂಬವು ಇವೆ. ಒಂದೊಂದು ಅಕ್ಷರಕ್ಕೂ ಅರ್ಥ ಕೊಡುವ ಕೋಶಗಳು. ಅವುಗಳಲ್ಲಿ ‘ಅ’ ವಿಷ್ಣು, ‘ಕ’ ಬ್ರಹ್ಮ, ಹೀಗೆ. ತಂದೆಯ ಹೆಸರಿನ ಒಂದು ಅಕ್ಷರ, ತಾಯಿಯ ಹೆಸರಿನ ಎರಡು ಅಕ್ಷರ ಜೋಡಿಸಿ ಯಾರೋ ಕಟ್ಟಿದ ಹೆಸರನ್ನು ತೆಗೆದುಕೊಂಡು ಹೋದರೂ, ಈ ಕೋಶ ಬಲ್ಲವರು ಅದಕ್ಕೆ ಸೊಗಸಾದ ಅರ್ಥ ಬರೆದುಕೊಡಬಲ್ಲರು. ಆ ವಿದ್ಯೆಯ ಬಗ್ಗೆ ನನಗೆ ಗೌರವವಿದೆ. ಆದರೆ ಅದು ಹೆಸರಿಗೆ ಹೊಸದಾಗಿ ತೊಡಿಸಿದ ಅರ್ಥವೇ ಹೊರತು, ಆ ಹೆಸರು ಹಿಂದೆ ಎಲ್ಲಿಯಾದರೂ ಬಳಕೆಯಲ್ಲಿತ್ತು ಎಂಬುದಕ್ಕೆ ಪ್ರಮಾಣವಲ್ಲ.

ಇನ್ನು ಕಿಯಾರಾ. ನೀವು ನೋಡಿದ ಎರಡು ಅರ್ಥಗಳಿಗೂ ಅವುಗಳದೇ ನೆಲದಲ್ಲಿ ಆಧಾರವಿದೆ, ಎರಡೂ ಸಂಸ್ಕೃತವಲ್ಲ. ಇಟಲಿಯಲ್ಲಿ ‘ಕಿಯಾರಾ’ ಎಂಬುದು ಹಳೆಯ, ಗೌರವದ ಹೆಣ್ಣುಹೆಸರು. ಲ್ಯಾಟಿನ್ನಿನ ‘ಕ್ಲಾರಾ’ ಅದರ ಮೂಲ. ಅರ್ಥ ತಿಳಿಯಾದ, ಪ್ರಕಾಶವುಳ್ಳ. 13ನೆಯ ಶತಮಾನದ ಅಸ್ಸೀಸಿಯ ಸಂತ ಕ್ಲಾರಾಳನ್ನು ಇಟಲಿಯವರು ಕರೆಯುವುದು ಕಿಯಾರಾ ಎಂದೇ. ಐರ್ಲೆಂಡಿನಲ್ಲಿ ಇರುವುದು ಬೇರೆ ಹೆಸರು: ಅವರ ಭಾಷೆಯಲ್ಲಿ ‘ಕಿಯರ್’ ಎಂದರೆ ಕಪ್ಪು, ಅದರ ಹೆಣ್ಣುರೂಪವನ್ನು ಸುಮಾರಾಗಿ ‘ಕೀರಾ’ ಎಂದು ಉಚ್ಚರಿಸುತ್ತಾರೆ. ಎರಡೂ ಇಂಗ್ಲಿಷ್ ಬರವಣಿಗೆಯಲ್ಲಿ ಒಂದರ ಹತ್ತಿರ ಒಂದು ಬಂದು ಕೊನೆಗೆ ಒಂದೇ ಆದವು. ನಮ್ಮ ಕಡೆಗೆ ಇದು ಬಂದದ್ದು ಹಿಂದಿ ಸಿನಿಮಾದ ದಾರಿಯಲ್ಲಿ. ‘ಬೆಳಕಿನ ಕಿರಣ’ ಎಂಬಲ್ಲಿ ಇಟಲಿಯ ಬೆಳಕಿಗೆ ನಮ್ಮ ‘ಕಿರಣ’ದ ನಾದಸಾಮ್ಯವೂ ಸೇರಿಕೊಂಡಿರಬೇಕು ಎಂಬುದು ನನ್ನ ಊಹೆ.

ಇದರಲ್ಲಿ ಕಿಯಾರಾ ಬೇಡ ಎಂಬ ತೀರ್ಮಾನ ಅಡಗಿಲ್ಲ. ಪಾರಸಿಯ ಖುಷಿ, ಅರಬ್ಬಿಯ ಇನಾಮು ಎಲ್ಲವನ್ನೂ ಕನ್ನಡ ತನ್ನದು ಮಾಡಿಕೊಂಡಿದೆ. ಇಟಲಿಯ ಒಂದು ಹೆಸರು ದಾವಣಗೆರೆಯ ತೊಟ್ಟಿಲಿಗೆ ಭಾರವೇನೂ ಆಗದು. ನಿಮ್ಮ ಮನೆಯವರಿಗೆ ಹೆಸರು ಇಷ್ಟವಾಗಿದ್ದರೆ ಇಡಿ, ಆದರೆ ‘ಇಟಲಿ ಮೂಲ, ಪ್ರಕಾಶವುಳ್ಳವಳು’ ಎಂದು ತಿಳಿದು ಇಡಿ. ಸಂಸ್ಕೃತದ ಹೆಸರೇ ಬೇಕು ಎಂಬ ಕಾರಣಕ್ಕೆ ಅದನ್ನು ಆರಿಸಿದ್ದರೆ ಆ ಕಾರಣ ಉಳಿಯುವುದಿಲ್ಲ.

‘ಕಿ’ ಅಕ್ಷರವನ್ನು ಬಿಡಲೊಲ್ಲಿರಾದರೆ ಪ್ರಮಾಣವಿರುವ ಹೆಸರುಗಳಿಗೆ ಬರವಿಲ್ಲ. ಕೀರ್ತಿ, ಕೀರ್ತನಾ, ಕಿಶೋರಿ ಎಲ್ಲರಿಗೂ ಗೊತ್ತು. ‘ಕಿಸಲಯ’ ಎಂದರೆ ಎಳೆಯ ಚಿಗುರು. ‘ಕೀರವಾಣಿ’ ಗಿಳಿಮಾತಿನವಳು, ಕರ್ನಾಟಕ ಸಂಗೀತದ 21ನೆಯ ಮೇಳಕರ್ತ, ಅಂದರೆ ಮೂಲ ರಾಗವೂ ಹೌದು. ‘ಕಿನ್ನರಿ’ ನಮ್ಮ ತಂತಿವಾದ್ಯ. ಅದನ್ನು ನುಡಿಸುತ್ತಿದ್ದ ಶರಣ ಕಿನ್ನರಿ ಬ್ರಹ್ಮಯ್ಯನ ಹೆಸರಿನಲ್ಲಿ ಉಳಿದುಬಂದಿದೆ. ‘ಕಿಂಶುಕ’ ಎಂದರೆ ಮುತ್ತುಗದ ಮರ. ಬೇಸಿಗೆಯ ಮೊದಲಲ್ಲಿ ಎಲೆ ಕಳಚಿ ಮೈತುಂಬ ಕೆಂಪು ಹೂ ಹೊತ್ತು ನಿಲ್ಲುವ ಮುತ್ತುಗವನ್ನು ನಮ್ಮ ಬಯಲುಸೀಮೆಯವರಿಗೆ ಪರಿಚಯಿಸಬೇಕಾಗಿಲ್ಲ. ಆ ಹೂವಿನ ಬಾಗು ಗಿಳಿಯ ಕೊಕ್ಕಿನಂತಿರುವುದರಿಂದ ‘ಇದೇನು ಗಿಳಿಯೇ’ ಎಂಬರ್ಥದಲ್ಲಿ ಆ ಹೆಸರು ಬಂತೆಂದು ಹಿಂದಿನವರು ಬಿಡಿಸುತ್ತಾರೆ.

ಅಕ್ಷರದ ಕಟ್ಟುಪಾಡಿನ ಬಗ್ಗೆಯೂ ಒಂದು ಮಾತು. 27 ನಕ್ಷತ್ರಗಳಿಗೆ ನಾಲ್ಕು ನಾಲ್ಕು ಪಾದಗಳಂತೆ 108 ಅಕ್ಷರಗಳ ಪಟ್ಟಿ ಪಂಚಾಂಗದಲ್ಲಿರುತ್ತದೆ. ಆರ್ದ್ರೆಯ ಮೂರನೆಯ ಪಾದಕ್ಕೆ ಬರುವುದು ‘ಙ’, ಹಸ್ತದ ಮೂರನೆಯ ಪಾದಕ್ಕೆ ‘ಣ’, ಉತ್ತರಾಭಾದ್ರೆಯ ನಾಲ್ಕನೆಯದಕ್ಕೆ ‘ಞ’. ಈ ಅಕ್ಷರಗಳಿಂದ ಶುರುವಾಗುವ ಹೆಸರು ಯಾರಿಗೂ ಸಿಗುವುದಿಲ್ಲ. ಅಂಥಲ್ಲಿ ಪುರೋಹಿತರೇ ಬೇರೆ ಅಕ್ಷರ ಸೂಚಿಸುತ್ತಾರೆ. ಇದಲ್ಲದೆ ನಾಮಕರಣದ ಶಾಸ್ತ್ರದಲ್ಲಿಯೇ ಕುಲದೇವತೆಯ ಹೆಸರು, ಮಾಸನಾಮ, ನಕ್ಷತ್ರನಾಮ, ವ್ಯಾವಹಾರಿಕ ನಾಮ ಎಂದು ನಾಲ್ಕು ಬಗೆ ಹೇಳಿದ್ದಾರೆ. ಅಕ್ಷರ ಸೇರಬೇಕಾದದ್ದು ನಕ್ಷತ್ರನಾಮಕ್ಕೆ. ಕರೆಯುವ ಹೆಸರು ಬೇರೆಯಾದರೆ ಶಾಸ್ತ್ರಕ್ಕೆ ಭಂಗವಿಲ್ಲ. ಈ ಬಿಡುವನ್ನು ಮರೆತು ಒಂದೇ ಹೆಸರಿನಲ್ಲಿ ಅಕ್ಷರ, ಹೊಸತನ, ಸಂಸ್ಕೃತ, ಸುಂದರ ಅರ್ಥ ಎಲ್ಲವನ್ನೂ ತುಂಬಲು ಹೊರಡುವುದರಿಂದಲೇ ಯಾವ ಕೋಶದಲ್ಲಿಯೂ ಇಲ್ಲದ ಹೆಸರುಗಳು ಹೆಚ್ಚುತ್ತಿವೆ.

ಕೊನೆಗೆ ನಿಮ್ಮ ತಾಯಿಯವರ ಆಯ್ಕೆ. ನೀವು ಅರ್ಥವಿಲ್ಲ ಎಂದ ಹೆಸರೇ ಈ ಮೂರರಲ್ಲಿ ಎಲ್ಲಕ್ಕಿಂತ ಸ್ಪಷ್ಟವಾದ ಬೇರುಳ್ಳದ್ದು. ‘ಓಬ’ ಬಂದದ್ದು ‘ಓಬಳ’ದಿಂದ, ‘ಓಬಳ’ ಬಂದದ್ದು ‘ಅಹೋಬಲ’ದಿಂದ. ಆಂಧ್ರದ ಅಹೋಬಲದ ನರಸಿಂಹಸ್ವಾಮಿ ಮಧ್ಯ ಕರ್ನಾಟಕದ ಅನೇಕ ಮನೆಗಳಿಗೆ ಮನೆದೇವರು. ಆ ದೇವರ ಹೆಸರು ಜನರ ನಾಲಗೆಯಲ್ಲಿ ಸವೆದು ಓಬಳೇಶ, ಓಬಣ್ಣ, ಓಬಯ್ಯ, ಓಬಮ್ಮ, ಓಬವ್ವ ಆಯಿತು. ಚಿತ್ರದುರ್ಗದ ಪಾಳೆಯಗಾರರಲ್ಲಿ ಓಬಣ್ಣ ನಾಯಕನಿದ್ದ. ಕೋಟೆಯ ಕಿಂಡಿಯ ಬಳಿ ಒನಕೆ ಹಿಡಿದ ಓಬವ್ವನಂತೂ ನಾಡಿಗೇ ಗೊತ್ತು. ಅರ್ಥ ಕಾಣದಿರುವುದಕ್ಕೆ ಕಾರಣ ಅದು ಇಲ್ಲವೆಂದಲ್ಲ, ಹೆಸರು ತದ್ಭವವಾಗಿರುವುದು. ವೃಷಭ ಬಸವನಾದ, ಶ್ರೀ ಸಿರಿಯಾದಳು, ದುರ್ಗೆ ದುಗ್ಗಮ್ಮನಾದಳು. ದಾವಣಗೆರೆಯ ದುಗ್ಗಮ್ಮನ ಜಾತ್ರೆಗೆ ಹೋಗುವವರು ಆ ಹೆಸರಿನ ಅರ್ಥ ಕೇಳುವುದಿಲ್ಲ. ಇಂಥ ತದ್ಭವಗಳಿಗೆ ಕೇಶಿರಾಜನು 13ನೆಯ ಶತಮಾನದಲ್ಲಿಯೇ ‘ಶಬ್ದಮಣಿದರ್ಪಣ’ದಲ್ಲಿ ಸೂತ್ರ ಬರೆದಿಟ್ಟಿದ್ದಾನೆ. ಹೆಸರಿನ ತಾಣಗಳು ಈ ಹೆಸರುಗಳನ್ನು ಸೇರಿಸುವುದೇ ಅಪರೂಪ, ಸೇರಿಸಿದರೂ ಬೇರೆ ಕಡೆಯ ಅರ್ಥ ಹಚ್ಚುತ್ತವೆ. ಮುರುಗೇಶ ಎಂದರೆ ಸುಬ್ರಹ್ಮಣ್ಯ ಎಂಬುದು ತಮಿಳುನಾಡಿಗೆ ಸರಿಯಾದೀತು. ಚಿತ್ರದುರ್ಗದ ಸುತ್ತಮುತ್ತ ಆ ಹೆಸರಿಟ್ಟ ಎಷ್ಟೋ ಮನೆಗಳ ಮನಸ್ಸಿನಲ್ಲಿದ್ದದ್ದು ಮುರುಘಾಮಠದ ಗುರುಪರಂಪರೆ. ನಾಯಕನಹಟ್ಟಿಯ ತಿಪ್ಪೇರುದ್ರಸ್ವಾಮಿಯನ್ನು ತಿಳಿಯದವರು ತಿಪ್ಪೇಸ್ವಾಮಿ ಎಂಬ ಹೆಸರನ್ನು ನಿಘಂಟಿನಲ್ಲಿ ಮಾತ್ರ ನೋಡಿ ಏನೆಂದುಕೊಳ್ಳುತ್ತಾರೋ, ಊಹಿಸಿಕೊಳ್ಳಿ.

ಹೆಸರನ್ನು ನೀವೇ ಪರಿಶೀಲಿಸಲು ಮೊದಲು ಅದನ್ನು ಕನ್ನಡದಲ್ಲಿ ಅಥವಾ ದೇವನಾಗರಿಯಲ್ಲಿ ಸ್ಪಷ್ಟವಾಗಿ ಬರೆಯಿರಿ: ಹ್ರಸ್ವವೋ ದೀರ್ಘವೋ, ಅಲ್ಪಪ್ರಾಣವೋ ಮಹಾಪ್ರಾಣವೋ, ಶ, ಷ, ಸಗಳಲ್ಲಿ ಯಾವುದು, ಒತ್ತಕ್ಷರ ಉಂಟೋ ಇಲ್ಲವೋ. ‘ಅಂಶ’ ಎಂದರೆ ಪಾಲು, ‘ಅಂಶು’ ಎಂದರೆ ಕಿರಣ. ಒಂದು ಕೊಂಬಿನ ವ್ಯತ್ಯಾಸ. ಕೊನೆಯ ಅರ್ಧಾಕ್ಷರವನ್ನು ತುಂಬಿ ನೋಡಿ, ಏಕೆಂದರೆ ವೇದಾಂತ್, ಸಮರ್ಥ್ ಮುಂತಾದವು ಹಿಂದಿಯ ಉಚ್ಚಾರಣೆ. ಕೋಶದಲ್ಲಿ ಸಿಗುವುದು ವೇದಾಂತ, ಸಮರ್ಥ. ಆಮೇಲೆ ಕೋಶ. ಕನ್ನಡಕ್ಕೆ ಕನ್ನಡ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟಗಳ ನಿಘಂಟು ಇದೆ, 1894ರಲ್ಲಿ ಮಂಗಳೂರಿನಲ್ಲಿ ಅಚ್ಚಾದ ಕಿಟೆಲ್ ಕೋಶವಿದೆ. ಸಂಸ್ಕೃತಕ್ಕೆ ಆಪ್ಟೆ, ಮೋನಿಯರ್ ವಿಲಿಯಮ್ಸ್. ಇವೆರಡನ್ನೂ ಜರ್ಮನಿಯ ಕಲೋನ್ ವಿಶ್ವವಿದ್ಯಾಲಯದವರು ಅಂತರಜಾಲದಲ್ಲಿ ಉಚಿತವಾಗಿ ಇಟ್ಟಿದ್ದಾರೆ. ಮೋನಿಯರ್ ವಿಲಿಯಮ್ಸ್ ನೋಡುವಾಗ ಅರ್ಥದ ನಂತರ ಇಂಗ್ಲಿಷಿನ ‘ಎಲ್’ ಅಕ್ಷರ ಮತ್ತು ಚುಕ್ಕೆ ಇದೆಯೇ ಗಮನಿಸಿ. ಆ ಅರ್ಥ ಹಳೆಯ ಕೋಶಕಾರರಲ್ಲಿ ಮಾತ್ರ ಸಿಗುತ್ತದೆ, ಗ್ರಂಥಗಳ ಬಳಕೆಯಲ್ಲಿ ಸಿಕ್ಕಿಲ್ಲ ಎಂಬುದರ ಗುರುತು ಅದು. ಅಂಥ ಅರ್ಥವನ್ನು ನೆಚ್ಚಿ ಹೆಸರಿಡಬೇಡಿ ಎನ್ನುವುದಿಲ್ಲ, ಆದರೆ ಅದರ ತೂಕ ಕಡಿಮೆ.

ಕೋಶದಲ್ಲಿ ಸಿಕ್ಕಿತು ಎಂದರೂ ಹೆಸರಾಗಿ ಬಳಕೆಯಲ್ಲಿತ್ತೇ ಎಂಬುದು ಬೇರೆ ಪ್ರಶ್ನೆ. ಅದಕ್ಕೆ ಕಾವ್ಯ, ವಚನ, ಶಾಸನಗಳನ್ನು ನೋಡಬೇಕು. ನಮ್ಮ ಸೀಮೆಯ ಶಾಸನಗಳು ‘ಎಪಿಗ್ರಾಫಿಯಾ ಕರ್ನಾಟಿಕಾ’ ಎಂಬ ಶಾಸನ ಸಂಗ್ರಹದ 11ನೆಯ ಸಂಪುಟದಲ್ಲಿವೆ. 1997ರವರೆಗೆ ದಾವಣಗೆರೆ ಚಿತ್ರದುರ್ಗ ಜಿಲ್ಲೆಯಲ್ಲಿಯೇ ಇದ್ದುದರಿಂದ ಎರಡೂ ಕಡೆಯವು ಅದರಲ್ಲಿಯೇ ಸಿಗುತ್ತವೆ. ಹಳೆಯ ದಾಖಲೆ ಏಕೆ ಮುಖ್ಯ ಎಂಬುದಕ್ಕೆ ಚಿತ್ರದುರ್ಗದ ಬಳಿಯ ಚಂದ್ರವಳ್ಳಿಯ ಶಾಸನದ ಬಂಡೆಯೇ ಸಾಕು. ಕದಂಬ ರಾಜ್ಯ ಕಟ್ಟಿದವನನ್ನು ನಾವು ಸಲೀಸಾಗಿ ಮಯೂರವರ್ಮ ಎನ್ನುತ್ತೇವೆ. ಅಲ್ಲಿಯ ಪ್ರಾಕೃತ ಶಾಸನದಲ್ಲಿ ಇರುವುದು ‘ಮಯೂರಶಮ್ಮ’ ಎಂಬಂತಹ ರೂಪ, ಅಂದರೆ ಶರ್ಮ. ಜನಪ್ರಿಯವಾದದ್ದು ಹಳೆಯದೇ ಆಗಿರಬೇಕೆಂದಿಲ್ಲ. ಇತ್ತೀಚೆಗೆ ಮೊಬೈಲಿನ ಕೃತಕ ಬುದ್ಧಿಮತ್ತೆಯನ್ನು ಕೇಳಿಕೊಂಡು ಬರುವವರೂ ಇದ್ದಾರೆ. ಅದೂ ಬಹುಮಟ್ಟಿಗೆ ಅದೇ ತಾಣಗಳನ್ನು ಓದಿಕೊಂಡದ್ದು. ಯಾವ ಕೋಶ, ಯಾವ ಶಬ್ದದ ಕೆಳಗೆ ಎಂದು ಕೇಳಿ, ಹೇಳಿದ್ದನ್ನು ಆ ಕೋಶದಲ್ಲಿಯೇ ತೆರೆದು ನೋಡಿ.

ನಿಮ್ಮ ಮುಂದಿರುವ ದಾರಿಗಳು ಹೀಗಿವೆ. ಕಿಯಾರಾ ಎಂದೇ ಇಡಬಹುದು. ಮುಂದೆ ಯಾರಾದರೂ ‘ಕಪ್ಪು ಎಂದಲ್ಲವೇ’ ಎಂದರೆ ಉತ್ತರ ನಿಮಗೆ ಗೊತ್ತಿರುತ್ತದೆ, ಆದರೆ ತಾಯಿಯವರ ಆಸೆ ಈಡೇರದೆ ಉಳಿದುಬಿಡುತ್ತದೆ. ಓಬಮ್ಮ ಎಂದು ಇಡಬಹುದು. ಶಾಲೆಯಲ್ಲಿ ಜೊತೆಯವರು ಆಡಿಕೊಂಡಾರು ಎಂಬ ಅಳುಕು ನಿಮಗಿದ್ದರೆ ಅದನ್ನು ನಾನು ಹಗುರವಾಗಿ ಕಾಣುವುದಿಲ್ಲ. ಮೂರನೆಯದು, ತೊಟ್ಟಿಲಿಗೆ ಹಾಕುವ ದಿನ ಸೋದರತ್ತೆ ಕಿವಿಯಲ್ಲಿ ಓಬಮ್ಮ ಎಂದು ಹೇಳಲಿ, ದಾಖಲೆಗೆ ‘ಕಿ’ ಅಕ್ಷರದ ಹೆಸರಿರಲಿ. ನನಗೆ ಹೆಚ್ಚು ಒಪ್ಪುವುದು ಇದೇ. ಇದರ ಅಪಾಯವೆಂದರೆ ಒಂದು ಕಾಗದದಲ್ಲಿ ಒಂದು, ಇನ್ನೊಂದರಲ್ಲಿ ಇನ್ನೊಂದು ಹೆಸರು ಸೇರಿಕೊಳ್ಳುವುದು. ಲಸಿಕೆಯ ತಾಯಿ ಕಾರ್ಡಿನಿಂದ ಹಿಡಿದು ಅಂಗನವಾಡಿಯ ಪುಸ್ತಕದವರೆಗೆ ಒಂದೇ ಹೆಸರು, ಒಂದೇ ಕಾಗುಣಿತ ಬರೆಸಿದರೆ ಆ ತೊಂದರೆ ಬರುವುದಿಲ್ಲ.

ಅವಸರ ಬೇಡ. 1969ರ ಜನನ ಮರಣ ನೋಂದಣಿ ಕಾಯ್ದೆಯ 14ನೆಯ ಕಲಮಿನ ಪ್ರಕಾರ, ಹೆಸರಿಲ್ಲದೆ ನೋಂದಣಿಯಾದ ಮಗುವಿನ ಹೆಸರನ್ನು ಆಮೇಲೆ ಸೇರಿಸಬಹುದು. ನೋಂದಣಿಯಾದ 12 ತಿಂಗಳೊಳಗೆ ಶುಲ್ಕವಿಲ್ಲ, ಅದಾದ ಮೇಲೆ 15 ವರ್ಷದವರೆಗೆ ವಿಳಂಬ ಶುಲ್ಕ ಕಟ್ಟಬೇಕು. ಸೇರಿಸಿದ ಮೇಲೆ ಬದಲಾಯಿಸುವುದು ಸುಲಭವಲ್ಲ, ಏಕೆಂದರೆ 15ನೆಯ ಕಲಮು ಇರುವುದು ತಪ್ಪಾಗಿ ದಾಖಲಾದದ್ದನ್ನು ತಿದ್ದಲು. ಅರ್ಥ ಬೇರೆಯೆಂದು ಆಮೇಲೆ ತಿಳಿದುಬಂತು ಎಂಬುದು ದಾಖಲೆಯ ತಪ್ಪಾಗುವುದಿಲ್ಲ. 2023ರ ಅಕ್ಟೋಬರ್ 1ರಿಂದ ಜಾರಿಗೆ ಬಂದ ತಿದ್ದುಪಡಿಯ ನಂತರ ಹುಟ್ಟಿದ ಮಕ್ಕಳಿಗೆ ಶಾಲೆ ಸೇರುವುದರಿಂದ ಪಾಸ್‌ಪೋರ್ಟ್‌ವರೆಗೆ ಈ ಪ್ರಮಾಣಪತ್ರವೇ ಹುಟ್ಟಿದ ದಿನಾಂಕದ ಆಧಾರವಾಗಿರುವುದರಿಂದ ಅದರಲ್ಲಿನ ಪ್ರತಿ ಅಕ್ಷರಕ್ಕೂ ಬೆಲೆಯಿದೆ. ಅರ್ಜಿಯಲ್ಲಿ ಮೊದಲು ಕನ್ನಡದ ರೂಪವನ್ನು ನೀವೇ ಕೈಯಾರೆ ಬರೆದುಕೊಡಿ, ಇಂಗ್ಲಿಷಿನದನ್ನು ಅದಕ್ಕೆ ಹೊಂದಿಸಿ ಬರೆಯಿರಿ. ಕಂಪ್ಯೂಟರಿನಲ್ಲಿ ಹೆಸರು ಹಾಕಿದ ಮೇಲೆ, ಅಂತಿಮಗೊಳಿಸುವ ಮೊದಲು, ಪರದೆಯಲ್ಲಿ ಎರಡೂ ಭಾಷೆಯ ಹೆಸರನ್ನು ತೋರಿಸುವಂತೆ ಸಿಬ್ಬಂದಿಯನ್ನು ಕೇಳಿಕೊಳ್ಳಿ. ದೀರ್ಘ ಬಿಟ್ಟುಹೋಗುವುದು, ಒತ್ತಕ್ಷರ ತಪ್ಪುವುದು ಹೆಚ್ಚಾಗಿ ಆ ಹಂತದಲ್ಲಿಯೇ.